ಕೇಪ್‌ಟೌನಿನ ಪ್ರಶ್ನೆ ಮೇಜು

ಇಳಕಲ್ಲ

ದಕ್ಷಿಣ ಆಫ್ರಿಕಾಕ್ಕೆ ಹೊರಟಿದ್ದೇನೆ ಎಂದಾಗ ನಮ್ಮ ಓಣಿಯವರು ಕೇಳಿದ ಮೊದಲ ಪ್ರಶ್ನೆ, ‘ಅಲ್ಲಿ ನಿಮ್ಮವರು ಯಾರ ಅದಾರ?’ ಎಂಬುದು. ಯಾರೂ ಇಲ್ಲ ಎಂದೆ. ‘ಮತ್ತ ಯಾಕ ಹೊಂಟೀರಿ?’ ಲೈಬ್ರರಿ ನೋಡಲಿಕ್ಕೆ ಎಂದೆ. ಎದುರುಮನೆಯ ನೀಲವ್ವ, ‘ಹುನಗುಂದದಾಗ ಒಂದ ಐತೆಲ್ರಿ, ದಿನಾ ನೋಡ್ತೀರಿ’ ಎಂದಳು.

ಅವಳ ಮಾತು ಸುಳ್ಳಲ್ಲ. ನಾನು ದಿನಾ ಇಳಕಲ್ಲಿನಿಂದ ಹುನಗುಂದಕ್ಕೆ ಬಸ್ಸಿನಲ್ಲಿ ಹೋಗಿಬರುವವಳು. ಅಲ್ಲಿನ ಒಂದು ಕಾಲೇಜಿನ ಲೈಬ್ರರಿ ನನ್ನ ಕೈಯಲ್ಲಿದೆ. ಸಂಜೆ ಊರಿನವರಿಗೂ ಅದರ ಬಾಗಿಲು ತೆರೆದಿರುತ್ತದೆ. ಹುಡುಗರು ಬಂದು ನೌಕರಿ ಪರೀಕ್ಷೆಯ ಪುಸ್ತಕ ಕೇಳುತ್ತಾರೆ, ಹಿರಿಯರು ಪೇಪರ್ ಕೇಳುತ್ತಾರೆ. ಅದರಾಚೆಗೆ ಯಾರೂ ಏನೂ ಕೇಳುವುದಿಲ್ಲ. ನಾನು ಓದುವಾಗ ‘ಪರಾಮರ್ಶನ ಸೇವೆ’ ಎಂಬ ದೊಡ್ಡ ಪಾಠವಿತ್ತು. ಓದುಗ ಪ್ರಶ್ನೆ ತರುತ್ತಾನೆ, ಗ್ರಂಥಪಾಲಕ ಉತ್ತರ ಹುಡುಕಿಕೊಡುತ್ತಾನೆ ಎಂಬುದು ಅದರ ಸಾರಾಂಶ. ಆದರೆ ನಿಜವಾದ ಪ್ರಶ್ನೆ ಇದ್ದ ಜನ ನಮ್ಮ ಬಾಗಿಲ ಮುಂದೆಯೇ ಹಾದು, ತಾಲೂಕು ಕಚೇರಿಯ ಎದುರು ಅರ್ಜಿ ಬರೆದುಕೊಡುವವನ ಹತ್ತಿರ ಹೋಗುವುದು ನನ್ನ ಕಿಟಕಿಯಿಂದ ಕಾಣುತ್ತದೆ. ಇವರು ಒಳಗೆ ಯಾಕೆ ಬರುವುದಿಲ್ಲ? ಬಹಳ ವರ್ಷದಿಂದ ನನ್ನನ್ನು ಕಾಡಿದ ಕುತೂಹಲ ಇದು.

ಗ್ರಂಥಪಾಲಕರನ್ನು ಒಂದು ದೇಶದಿಂದ ಇನ್ನೊಂದಕ್ಕೆ ಕಳಿಸಿ ಕೆಲಸ ತೋರಿಸುವ ಯೋಜನೆಯೊಂದು ಇದೆ ಎಂದು ಗೊತ್ತಾದಾಗ ಇದನ್ನೇ ಬರೆದು ಕಳಿಸಿದೆ. ಲೈಬ್ರರಿಯಲ್ಲಿ ಪ್ರಶ್ನೆ ಕೇಳುವವರು ಯಾರು, ಕೇಳದೆ ಹೋಗುವವರು ಯಾರು, ಅದನ್ನು ನೋಡಬೇಕು ಎಂದೆ. ಅವರು ಒಪ್ಪಿದರು. ಕೇಪ್‌ಟೌನಿನ ಒಂದು ಬಡಾವಣೆಯ ಸಾರ್ವಜನಿಕ ಲೈಬ್ರರಿಯಲ್ಲಿ ಎರಡು ವಾರ ಕೂತು ನೋಡುವ ಅವಕಾಶ ಸಿಕ್ಕಿತು.

ಇಳಿದ ದಿನ

ವಿಮಾನ ನಿಲ್ದಾಣದಲ್ಲಿ ನನ್ನನ್ನು ಮೊದಲು ಮಾತಾಡಿಸಿದ್ದು ಶೇಂಗಾ ಚಟ್ನಿ. ಅವ್ವ ಖಡಕ್ ರೊಟ್ಟಿಯ ಜೊತೆ ದೊಡ್ಡ ಡಬ್ಬಿ ತುಂಬ ಕಟ್ಟಿಕೊಟ್ಟಿದ್ದಳು. ಸಾಮಾನು ತಪಾಸಣೆ ಮಾಡುವ ತರುಣ ಡಬ್ಬಿ ತೆಗೆದು, ಕೆಂಪು ಪುಡಿ ಕಂಡು ಗಂಭೀರನಾದ. ಇದೇನು ಎಂದ. ನೆಲಗಡಲೆಯದು, ಊಟಕ್ಕೆ ಎಂದೆ. ಮೂಗಿನ ಹತ್ತಿರ ತಂದು ಜೋರಾಗಿ ಉಸಿರೆಳೆದವನೇ ಸೀನತೊಡಗಿದ. ಅವನ ಮೇಲಿನವಳು ಓಡಿಬಂದಳು. ನನಗೆ ಬೇರೆ ಏನೂ ತೋಚದೆ, ಮುರಿದ ರೊಟ್ಟಿಯ ಚೂರಿನಲ್ಲಿ ಒಂದಿಷ್ಟು ಚಟ್ನಿ ತೆಗೆದುಕೊಂಡು ಅಲ್ಲೇ ನಿಂತು ತಿಂದು ತೋರಿಸಿದೆ. ಆ ಹೆಂಗಸು ನಕ್ಕು ಡಬ್ಬಿ ಮುಚ್ಚಿ, ಹೋಗಿ ಬಾ ಆಂಟಿ ಎಂದಳು. ತರುಣ ಇನ್ನೂ ಸೀನುತ್ತಲೇ ಇದ್ದ.

ನನ್ನನ್ನು ಕರೆದೊಯ್ಯಲು ಬಂದವಳು ನೋಮ್ಸಾ, ಆ ಲೈಬ್ರರಿಯ ಪ್ರಶ್ನೆ ಮೇಜಿನ ಮೇಲ್ವಿಚಾರಕಿ. ಮೂವತ್ತೈದರ ಆಸುಪಾಸಿನ ಹೆಂಗಸು. ಮನೆಯ ಮಾತು ಖೋಸಾ. ಮಹಾದೇವಿ ಎಂಬ ನನ್ನ ಹೆಸರು ಅವಳ ಬಾಯಲ್ಲಿ ಮೊದಲ ಸಲಕ್ಕೇ ‘ಮಾಮಾ ದೇವಿ’ ಆಯಿತು. ಅವರಲ್ಲಿ ಹಿರಿಯ ಹೆಂಗಸರನ್ನು ಮಾಮಾ ಎಂದೇ ಕರೆಯುತ್ತಾರಂತೆ. ನಮ್ಮ ಕಡೆ ಮಾಮಾ ಎಂದರೆ ತಾಯಿಯ ತಮ್ಮ ಎಂದು ಹೇಳಿದಾಗ ದಾರಿಯುದ್ದಕ್ಕೂ ನಕ್ಕಳು. ಆದರೆ ಹೆಸರು ಬದಲಿಸಲಿಲ್ಲ.

ಇಲ್ಲಿ ಒಂದು ಮಾತು. ಅಲ್ಲಿ ಎಲ್ಲರೂ ನನ್ನೊಡನೆ ಇಂಗ್ಲಿಷಿನಲ್ಲೇ ಮಾತಾಡಿದ್ದು. ಅದು ಅವರಿಗೂ ನನಗೂ ಕಲಿತ ಭಾಷೆ. ಅದನ್ನು ಪುಸ್ತಕದ ಕನ್ನಡದಲ್ಲಿ ಬರೆದರೆ ಆ ಜನ ನನ್ನ ಕಣ್ಣ ಮುಂದೆ ಬರುವುದಿಲ್ಲ. ನಮ್ಮ ಕಡೆಯ ಮಾತಿನಲ್ಲಿ ಬರೆದರೆ ಬರುತ್ತಾರೆ. ಹಾಗೆಯೇ ಬರೆಯುತ್ತೇನೆ.

ಊರಿನ ನೆತ್ತಿಯ ಮೇಲೆ ದೊಡ್ಡ ಗುಡ್ಡ. ಯಾರೋ ಕರಗಸ ಹಿಡಿದು ತುದಿ ಕೊಯ್ದ ಹಾಗೆ ಸಪಾಟು. ಬಾದಾಮಿಯ ಬಂಡೆಗಳನ್ನು ನೋಡಿ ಬೆಳೆದವಳಿಗೆ ಕಲ್ಲು ಹೊಸದಲ್ಲ. ಇದೂ ಮರಳುಗಲ್ಲೇ. ಬಾದಾಮಿಯದು ಸಂಜೆ ಬಿಸಿಲಿಗೆ ಕೆಂಪಗೆ ಕಾಯ್ದಂತೆ ಕಾಣುತ್ತದೆ, ಇದು ಬೂದು ಬಣ್ಣ, ಮೇಲೆ ಮೋಡದ ಹೊದಿಕೆ. ಗುಡ್ಡದ ಆಚೆ ಕಡೆ ಬಬೂನುಗಳಿವೆ, ಕಾರಿನ ಬಾಗಿಲು ತೆಗೆದು ತಿಂಡಿ ಒಯ್ಯುತ್ತವೆ ಎಂದು ನೋಮ್ಸಾ ಹೆದರಿಸಿದಳು. ನಮ್ಮ ಬಾದಾಮಿಯ ಮಂಗಗಳಿಗೆ ಬಾಗಿಲು ತೆಗೆಯುವುದೊಂದು ಬರುವುದಿಲ್ಲ ಎಂದು ಸಮಾಧಾನಪಟ್ಟುಕೊಂಡೆ.

ಮಾರನೆಯ ಬೆಳಿಗ್ಗೆ

ಜುಲೈ ಅಲ್ಲಿ ಚಳಿಗಾಲ, ಮಳೆಗಾಲವೂ ಅದೇ. ನೋಮ್ಸಾ ಫೋನು ಮಾಡಿ, ಈಗ ಬಂದೆ, ಗೇಟಿನ ಹತ್ತಿರ ಇರು ಎಂಬರ್ಥದ ಮಾತು ಹೇಳಿದಳು. ಸ್ವೆಟರು ಹಾಕಿಕೊಂಡು, ನಾನು ಇಳಿದುಕೊಂಡಿದ್ದ ಮನೆಯ ಗೇಟಿಗೆ ಬಂದು ನಿಂತೆ. ಗಾಳಿ ಹೇಗಿತ್ತೆಂದರೆ ಸೆರಗು ಸೊಂಟಕ್ಕೆ ಸಿಕ್ಕಿಸಿದರೂ ಪಕ್ಕದ ಮನೆಯ ಬೇಲಿಯ ಮೇಲೆ ಹೋಗಿ ಕೂರುತ್ತಿತ್ತು. ನಿಂತೆ, ನಿಂತೇ ಇದ್ದೆ. ಕಡೆಗೆ ಟೈ ಕಟ್ಟಿಕೊಂಡು, ಉದ್ದನೆಯ ಕೋಟು ತೊಟ್ಟ ಹಿರಿಯರೊಬ್ಬರು ರಸ್ತೆಯಲ್ಲಿ ಹೋಗುತ್ತಿದ್ದವರು ನನ್ನ ಮುಂದೆ ನಿಂತರು.

‘ನೀವು ಇಂಡಿಯಾದಿಂದ ಬಂದಾವ್ರಲ್ಲ? ಇಲ್ಲೆ ಯಾಕ ನಿಂತೀರಿ?’

ನೋಮ್ಸಾ ಈಗ ಬರುತ್ತೇನೆ ಎಂದಿದ್ದಾಳೆ ಎಂದೆ.

‘ಯಾವ ಈಗ? ಒಂದು ಸಲ ಈಗ ಅಂದ್ಲೋ, ಎರಡು ಸಲ ಈಗ-ಈಗ ಅಂದ್ಲೋ?’

ಒಂದು ಸಲ ಎಂದೆ. ಅವರು ತಲೆಯಾಡಿಸಿದರು. ಆ ದೇಶದ ಇಂಗ್ಲಿಷಿನಲ್ಲಿ ಎರಡು ಸಲ ‘ಈಗ’ ಎಂದರೆ ಬೇಗ ಬರುತ್ತಾರೆ. ಒಂದು ಸಲ ಎಂದರೆ ಇವತ್ತಿನೊಳಗೆ ಯಾವಾಗಾದರೂ ಬಂದಾರು. ನಮ್ಮ ಇಳಕಲ್ಲಿನ ದರ್ಜಿ ಜಂಪರು ಕೇಳಿದರೆ ‘ನಾಳಿ’ ಎನ್ನುವುದಕ್ಕೂ ಇದಕ್ಕೂ ವ್ಯತ್ಯಾಸವಿಲ್ಲ ಎಂದು ನನಗೆ ಒಳಗೊಳಗೆ ಖುಷಿಯೇ ಆಯಿತು. ಅವರೇ ಪೀಟರ್. ಅದೇ ಲೈಬ್ರರಿಯಲ್ಲಿ ನಿವೃತ್ತಿಗೆ ಹತ್ತಿರವಾದ ಹಿರಿಯ ಗ್ರಂಥಪಾಲಕರು. ಅವರ ಜೊತೆಯೇ ನಡೆದು ಹೋದೆ. ದಾರಿಯಲ್ಲಿ ಸಣ್ಣ ವ್ಯಾನುಗಳ ಬಾಗಿಲಿಗೆ ಜೋತುಬಿದ್ದವರು ಊರಿನ ಹೆಸರು ಕೂಗಿ ಜನರನ್ನು ತುಂಬಿಕೊಳ್ಳುತ್ತಿದ್ದರು. ಹುನಗುಂದ ಕ್ರಾಸಿನಲ್ಲಿ ಟಂಟಂನವರು ಕೂಗುವ ಧಾಟಿಯೇ ಅದು. ನಮಗಿಂತ ಒಂದು ಕೂಗು ಜೋರು ಅಷ್ಟೇ.

ಪ್ರಶ್ನೆ ಮೇಜು

ಬಾಗಿಲು ದಾಟಿದ ತಕ್ಷಣ ಒಂದು ಸಾಧಾರಣ ಮೇಜು, ಅದರ ಒಂದೇ ಬದಿಗೆ ಎರಡು ಕುರ್ಚಿ. ಕೇಳುವವರೂ ಹೇಳುವವರೂ ಪಕ್ಕಪಕ್ಕ ಕೂರಬೇಕು, ಎದುರುಬದುರಲ್ಲ. ಅದು ನೋಮ್ಸಾಳ ಮೇಜು. ಇನ್ನಷ್ಟು ಒಳಗೆ ಎದೆಮಟ್ಟದ ಹಳೆಯ ಕಟ್ಟಿಗೆಯ ಕೌಂಟರು. ಅದರ ಹಿಂದೆ ಪೀಟರ್. ಮೊದಲು ಬರೀ ಆ ಕೌಂಟರು ಇತ್ತಂತೆ. ಅದನ್ನು ತೆಗೆಸಬೇಕೆಂದು ನೋಮ್ಸಾ, ಬೇಡವೆಂದು ಪೀಟರ್ ವರ್ಷಗಟ್ಟಲೆ ವಾದ ಮಾಡಿ, ಕಡೆಗೆ ಎರಡೂ ಉಳಿದವು.

ಮೊದಲ ದಿನ ನಾನು ನೋಮ್ಸಾಳ ಹಿಂದೆ ಸ್ಟೂಲು ಹಾಕಿಕೊಂಡು ಕೂತು ಬಂದವರನ್ನೇ ನೋಡಿದೆ. ಉದ್ಯಾನದಲ್ಲಿ ಮಲಗುವ ಒಬ್ಬ ಮನುಷ್ಯ ಬಂದು ಇವತ್ತು ಯಾವ ವಾರ ಎಂದು ಕೇಳಿದ. ಒಬ್ಬ ತರುಣಿ ಕೂಸಿನ ಹಲ್ಲು ಮೂಡುವಾಗ ಜ್ವರ ಬರುತ್ತದೆಯೇ ಎಂದಳು. ಕಾಂಗೋದಿಂದ ಬಂದ ಒಬ್ಬ ಬಡಗಿ, ತನ್ನ ಊರಿನ ಶಾಲೆಯ ಪ್ರಮಾಣಪತ್ರ ಇಲ್ಲಿ ನಡೆಯುತ್ತದೆಯೇ ಎಂದ. ಒಬ್ಬಾತ ಪಕ್ಷಿಯೊಂದರ ಕೂಗನ್ನು ಬಾಯಲ್ಲಿ ಮಾಡಿ ತೋರಿಸಿ ಇದು ಯಾವುದು ಎಂದ. ನೋಮ್ಸಾ ಎಲ್ಲರಿಗೂ ಒಂದೇ ಮುಖ ಕೊಟ್ಟಳು. ಪಕ್ಷಿಗೆ ಕೊಟ್ಟಷ್ಟೇ ಹೊತ್ತನ್ನು ವಾರ ಕೇಳಿದವನಿಗೂ ಕೊಟ್ಟಳು. ಅವನು ಅದೇ ನೆಪದಲ್ಲಿ ಸ್ವಲ್ಪ ಹೊತ್ತು ಬೆಚ್ಚಗೆ ಕೂತ.

ಊಟದ ಹೊತ್ತಿಗೆ ಪೀಟರ್ ನನ್ನನ್ನು ಕರೆದು ತಮ್ಮ ಪಕ್ಷ ಹೇಳಿದರು.

‘ಲೈಬ್ರರಿಯವ ಯಾರ ಕಡೀನೂ ಆಗಬಾರ್ದು ಬಾಯಾರ. ಪುಸ್ತಕ ಎಲ್ಲೈತಿ ತೋರಸ್ಬೇಕು, ಸರೀಬೇಕು. ಇಲ್ಲಂದ್ರ ನಾಳೆ ನಮ್ಮನ್ಯಾರೂ ನಂಬೂದಿಲ್ಲ.’

ನೋಮ್ಸಾ ರೊಟ್ಟಿಗೆ ನಮ್ಮ ಚಟ್ನಿ ಹಚ್ಚಿಕೊಳ್ಳುತ್ತ, ‘ಓದಾಕ ಬರದಾಕಿಗೆ ಕಪಾಟ ತೋರಿಸಿ ಸರದ್ರ ಅದೂ ಒಂದು ಕಡೀ ಆದಂಗ’ ಎಂದಳು. ಇಬ್ಬರೂ ಸಿಟ್ಟಾಗಲಿಲ್ಲ. ಈ ಮಾತು ಅವರ ನಡುವೆ ಎಷ್ಟೋ ಸಲ ಆಗಿರಬೇಕು.

ಗುರುವಾರ

ಗುರುವಾರ ಬಂದವಳು ಥಾಂಡೇಕಾ. ಐವತ್ತು ದಾಟಿದ ಹೆಂಗಸು, ತಲೆಗೆ ಬಣ್ಣದ ಬಟ್ಟೆ ಕಟ್ಟಿದ್ದಳು. ಮೊದಲು ಪೀಟರ್ ಅವರ ಕೌಂಟರಿಗೆ ಹೋಗಿ ತನ್ನ ಭಾಷೆಯಲ್ಲಿ ಏನೋ ಕೇಳಿದಳು. ಪೀಟರಿಗೆ ಖೋಸಾ ಅಷ್ಟಕ್ಕಷ್ಟೇ. ಖೋಸಾ ಪುಸ್ತಕಗಳ ಕಪಾಟು ತೋರಿಸಿದರು. ಅವಳು ಕಪಾಟಿನ ಮುಂದೆ ಹೋಗಿ ಕೈಕಟ್ಟಿ ನಿಂತಳು, ಪುಸ್ತಕ ಮುಟ್ಟಲಿಲ್ಲ. ನೋಮ್ಸಾ ಎದ್ದುಹೋಗಿ ಕರೆತಂದು ಪಕ್ಕ ಕೂರಿಸಿಕೊಂಡಳು.

ಆಮೇಲೆ ನೋಮ್ಸಾ ನನಗೆ ಬಿಡಿಸಿ ಹೇಳಿದ್ದು ಇದು. ಥಾಂಡೇಕಾ ಒಂದು ಮನೆಯಲ್ಲಿ ಬಹಳ ವರ್ಷದಿಂದ ಕೆಲಸಕ್ಕಿದ್ದಳು. ಆ ಮನೆಯ ಹಿತ್ತಲಿನ ಕೋಣೆಯೇ ಅವಳ ಮನೆ. ತನ್ನ ಮಕ್ಕಳನ್ನು ಬೆಳೆಸಿದ್ದೂ ಅಲ್ಲೇ. ಮನೆಯೊಡತಿ ಇತ್ತೀಚೆಗೆ ತೀರಿಕೊಂಡಳು. ಅವಳ ಮಗ ಫೋನಿನಲ್ಲಿ ಒಂದು ಮೆಸೇಜು ಹಾಕಿದ್ದ: ಮನೆ ಮಾರುತ್ತೇವೆ, ಕೋಣೆ ಖಾಲಿ ಮಾಡು. ಥಾಂಡೇಕಾಳ ಪ್ರಶ್ನೆ ಚಿಕ್ಕದು. ಹಾಗೆ ಹೇಳಬಹುದೇ?

ನೋಮ್ಸಾ ಹೌದು ಎನ್ನಲಿಲ್ಲ, ಇಲ್ಲ ಎನ್ನಲಿಲ್ಲ. ಪರಾಮರ್ಶನ ಕಪಾಟಿನಿಂದ ಆ ದೇಶದ ಸಂವಿಧಾನದ ಖೋಸಾ ಪ್ರತಿ ತೆಗೆದು ಮೇಜಿನ ಮೇಲಿಟ್ಟು, ಒಂದು ಸಾಲಿನ ಕೆಳಗೆ ಬೆರಳಿಟ್ಟು ಓದಿದಳು. ನ್ಯಾಯಾಲಯ ಎಲ್ಲವನ್ನೂ ವಿಚಾರಿಸಿ ಆದೇಶ ಕೊಡದೆ ಯಾರನ್ನೂ ಅವರ ಮನೆಯಿಂದ ಹೊರಹಾಕುವಂತಿಲ್ಲ ಎಂಬುದು ಆ ಸಾಲು. ಖೋಸಾದಲ್ಲಿ ನಾಲಿಗೆಯಿಂದ ಟಕ್ ಟಕ್ ಎನ್ನುವ ಶಬ್ದಗಳಿವೆ. ಕಾನೂನಿನ ಸಾಲೊಂದು ಅಷ್ಟು ಚೆಂದ ಕೇಳಬಹುದು ಎಂದು ನನಗೆ ಗೊತ್ತಿರಲಿಲ್ಲ. ಓದಿ ಮುಗಿಸಿ, ಏನು ತಿಳಿಯಿತು ನೀನೇ ಹೇಳು ಎಂದಳು. ಥಾಂಡೇಕಾ ತನ್ನ ಮಾತಿನಲ್ಲಿ ಹೇಳಿದಳು. ಒಂದು ಕಡೆ ತಪ್ಪಿದಳು, ಮತ್ತೆ ಓದಿದರು. ಕಡೆಗೆ ನೋಮ್ಸಾ, ಇದು ನಿನಗೆ ಹೇಗೆ ಹೊಂದುತ್ತದೆ ಎಂದು ಹೇಳುವವಳು ನಾನಲ್ಲ, ವಕೀಲರು ಎಂದು, ಪುಕ್ಕಟೆ ಕಾನೂನು ನೆರವಿನ ಕಚೇರಿಗೆ ತಾನೇ ಫೋನು ಮಾಡಿ ಮುಂದಿನ ವಾರದ ಒಂದು ದಿನ ಗೊತ್ತು ಮಾಡಿಕೊಟ್ಟಳು.

ಥಾಂಡೇಕಾ ಹೋಗುವಾಗ ಬಾಗಿಲ ಹತ್ತಿರ ನಿಂತು ಆ ಕಪಾಟಿನ ಕಡೆ ಇನ್ನೊಮ್ಮೆ ನೋಡಿದಳು. ಪೀಟರ್ ಕೌಂಟರಿನ ಹಿಂದಿನಿಂದ ಎಲ್ಲವನ್ನೂ ಗಮನಿಸುತ್ತಿದ್ದರು.

ಖಾಲಿ ಬಯಲು

ಭಾನುವಾರ ಊರು ತೋರಿಸುತ್ತೇನೆ ಎಂದು ಪೀಟರ್ ಕರೆದೊಯ್ದರು. ಸಮುದ್ರ ತೋರಿಸುತ್ತಾರೆ ಎಂದುಕೊಂಡಿದ್ದೆ. ಅವರು ನಗರದ ನಟ್ಟನಡುವೆ, ಗುಡ್ಡದ ಇಳಿಜಾರಿನಲ್ಲಿ, ಹುಲ್ಲು ಬೆಳೆದ ಒಂದು ದೊಡ್ಡ ಬಯಲಿಗೆ ಕರೆತಂದು ನಿಲ್ಲಿಸಿದರು. ಸುತ್ತ ಎತ್ತರದ ಕಟ್ಟಡಗಳು. ಬಯಲಿನಲ್ಲಿ ಅಲ್ಲೊಂದು ಚರ್ಚು, ಇಲ್ಲೊಂದು ಮಸೀದಿ. ಡಿಸ್ಟ್ರಿಕ್ಟ್ ಸಿಕ್ಸ್ ಎಂದು ಆ ಜಾಗದ ಹೆಸರು.

‘ಇಲ್ಲೆ ನಮ್ಮ ಮನಿ ಇತ್ರಿ’ ಎಂದು ಒಂದು ಹುಲ್ಲಿನ ಮೆಳೆ ತೋರಿಸಿದರು. ‘ಇಕಾ ಇದು ಬೀದಿ. ಅಲ್ಲೆ ಬೇಕರಿ.’

ಬಿಳಿಯರ ಹಳೆಯ ಸರಕಾರ ಈ ಜಾಗ ಬಿಳಿಯರಿಗೆ ಮಾತ್ರ ಎಂದು ಸಾರಿ, ಉಳಿದವರನ್ನೆಲ್ಲ ದೂರದ ಮರಳು ನೆಲಕ್ಕೆ ಎತ್ತಿಹಾಕಿ, ಮನೆಗಳನ್ನು ಬುಲ್ಡೋಜರಿನಿಂದ ನೆಲಸಮ ಮಾಡಿತು. ಚರ್ಚು-ಮಸೀದಿಗಳನ್ನು ಮಾತ್ರ ಮುಟ್ಟಲಿಲ್ಲ. ಪೀಟರ್ ಆಗ ಶಾಲೆಗೆ ಹೋಗುವ ವಯಸ್ಸಿನವರು.

ನಾನು ನಮ್ಮ ಬಾಗಲಕೋಟೆಯ ಕತೆ ಹೇಳಿದೆ. ಅವ್ವನ ತವರು ಹಳೇ ಬಾಗಲಕೋಟೆ. ಅಣೆಕಟ್ಟಿನ ಹಿನ್ನೀರು ಬರುತ್ತದೆ ಎಂದು ಓಣಿಗಳನ್ನೇ ಎಬ್ಬಿಸಿ ನವನಗರಕ್ಕೆ ಕಳಿಸಿದರು. ನನ್ನ ಸೋದರಮಾವ ಈಗಲೂ ವಿಳಾಸ ಕೇಳಿದರೆ ಮೊದಲು ಮುಳುಗಿದ ಓಣಿಯ ಹೆಸರು ಹೇಳುತ್ತಾನೆ. ಕೇಳಿದವರು ಕಣ್ಣು ಬಿಟ್ಟ ಮೇಲೆ ಸೆಕ್ಟರ್ ನಂಬರು ಹೇಳುತ್ತಾನೆ. ನಮ್ಮಲ್ಲಿ ಹೊಲಗಳಿಗೆ ನೀರಾಗಲಿ ಎಂದು ಎಬ್ಬಿಸಿದ್ದು, ಇಲ್ಲಿ ಚರ್ಮದ ಬಣ್ಣ ನೋಡಿ ಎಬ್ಬಿಸಿದ್ದು. ಎರಡನ್ನೂ ಒಂದೇ ತಕ್ಕಡಿಗೆ ಹಾಕಲಾರೆ. ಪೀಟರ್ ಅದನ್ನು ಒಪ್ಪಿದರು. ಆದರೆ ಒಂದು ಪ್ರಶ್ನೆ ಕೇಳಿದರು.

‘ಎದ್ದು ಹೋಗ್ರಿ ಅಂದಾಗ ನಿಮ್ಮ ಅಜ್ಜಾರು ಯಾರನ್ನ ಕೇಳಿದ್ರು? ಎಷ್ಟು ದಿವಸ, ಎಲ್ಲಿಗೆ, ಯಾಕ ಅಂತ?’

ಆಫೀಸಿನವರು ಬಂದು ಹೇಳುತ್ತಿದ್ದರು, ಇವರು ಕೇಳಿಸಿಕೊಳ್ಳುತ್ತಿದ್ದರು ಎಂದೆ. ಇವರೇ ಹೋಗಿ ಕೇಳುವ ಜಾಗ ಯಾವುದಿತ್ತೋ ನನಗೆ ಗೊತ್ತಿಲ್ಲ.

‘ನಮ್ಮಪ್ಪಗೂ ಇರ್ಲಿಲ್ರಿ’ ಎಂದು ಪೀಟರ್ ಕನ್ನಡಕ ಒರೆಸಿಕೊಂಡರು. ‘ದೊಡ್ಡ ಲೈಬ್ರರಿ ಇತ್ತು. ಒಳಗ ಬಿಡ್ತಿರ್ಲಿಲ್ಲ.’ ಆಮೇಲೆ ಬೀದಿಯಂಚಿನ ಅಂಗಡಿಯಲ್ಲಿ ಜಡೆ ಹೆಣೆದಂತಿದ್ದ, ಪಾಕದಲ್ಲಿ ಅದ್ದಿದ ಸಿಹಿ ಕೊಡಿಸಿದರು. ಜಿಲೇಬಿಗೆ ದೂರದ ಸಂಬಂಧಿ ಅದು. ಕೈಯೆಲ್ಲ ಅಂಟಾಗಿ ಮಾತು ಅಲ್ಲಿಗೇ ನಿಂತಿತು.

ಮಂಗಳವಾರದ ಮಳೆ

ಮಂಗಳವಾರ ಬೆಳಗಿನಿಂದ ಮಳೆ. ನೆಟ್ಟಗೆ ಬೀಳುವ ಮಳೆಯಲ್ಲ, ಗಾಳಿಯ ಜೊತೆ ಅಡ್ಡಡ್ಡ ಬರುವ ಮಳೆ. ರಸ್ತೆಯಲ್ಲಿ ನೀರು ನಿಂತು ನೋಮ್ಸಾ ದಾರಿಯಲ್ಲೇ ಸಿಕ್ಕಿಬಿದ್ದಿದ್ದಳು. ಲೈಬ್ರರಿಯಲ್ಲಿ ನಾನು, ಪೀಟರ್, ಪುಸ್ತಕ ಕೊಡುವ ಕಡೆಯ ಇಬ್ಬರು. ಆಗ ಥಾಂಡೇಕಾ ಬಂದಳು. ತಲೆಯ ಬಟ್ಟೆಯಿಂದ ನೀರಿಳಿಯುತ್ತಿತ್ತು. ಖಾಲಿ ಮೇಜು ನೋಡಿ, ನನ್ನನ್ನು ನೋಡಿ, ನೋಮ್ಸಾ ಎಲ್ಲಿ ಎಂದು ಸನ್ನೆಯಲ್ಲಿ ಕೇಳಿದಳು.

ಪಕ್ಕದ ಕುರ್ಚಿ ಎಳೆದು ಕೂರಿಸಿದೆ. ಅವಳ ಇಂಗ್ಲಿಷೂ ನನ್ನ ಇಂಗ್ಲಿಷೂ ಒಂದೇ ಅಳತೆಯವು. ಅದರಿಂದ ಒಳ್ಳೆಯದೇ ಆಯಿತು. ತಪ್ಪಿದರೂ ಇಬ್ಬರಿಗೂ ನಾಚಿಕೆ ಆಗಲಿಲ್ಲ.

‘ಕೀಲಿ ಬ್ಯಾರೆ ಹಾಕ್ಯಾನ’ ಎಂದಳು. ‘ನನ್ನ ಹಾಸಿಗಿ, ಟ್ರಂಕ, ಎಲ್ಲಾ ಹೊರಗ. ಮಳ್ಯಾಗ.’

‘ವಕೀಲರ ಕಡೆ ಎಂದು ಹೋಗೂದೈತಿ?’

‘ನಾಳಿ.’ ಅವಳು ನಾಳೆ ಎನ್ನುವಾಗ ಹೊರಗಿನ ಮಳೆ ನೋಡಿದಳು.

ನಾನು ಪೀಟರ್ ಅವರ ಕೌಂಟರಿಗೆ ಹೋಗಿ ಹೇಳಿದೆ. ಅವರು ಕಾನೂನು ನೆರವಿನ ಕಚೇರಿಗೆ ಫೋನು ಹಚ್ಚಿದರು. ವಕೀಲರು ಕೋರ್ಟಿನಲ್ಲಿದ್ದಾರೆ, ಬಂದ ಮೇಲೆ ಮಾತಾಡುತ್ತಾರೆ ಎಂದಿತು ಆ ಕಡೆಯ ದನಿ. ಪೀಟರ್ ಫೋನು ಇಟ್ಟು, ಎರಡೂ ಕೈ ಕೌಂಟರಿನ ಮೇಲೂರಿ ನಿಂತರು. ನನಗೆ ಅವರ ಪಕ್ಷ ಗೊತ್ತಿತ್ತು. ಪುಸ್ತಕ ತೋರಿಸಿಯಾಗಿದೆ, ಇನ್ನು ಸರಿಯಬೇಕು. ನಾನು ಪರದೇಶಿ ಹೆಣ್ಣುಮಗಳು, ಹೇಳುವ ಅಧಿಕಾರ ನನಗೆಲ್ಲಿದೆ? ಥಾಂಡೇಕಾ ಮಾತ್ರ ಅವರನ್ನೇ ನೋಡುತ್ತಿದ್ದಳು.

ಪೀಟರ್ ಗಡಿಯಾರ ನೋಡಿ ಕೋಟು ತೆಗೆದುಕೊಂಡರು.

‘ಇದು ನನ್ನ ಚಹಾದ ಹೊತ್ತು. ಚಹಾದ ಹೊತ್ತಿನ್ಯಾಗ ನಾ ಎಲ್ಲಿ ಹೋಗ್ತೇನಿ, ಲೈಬ್ರರಿಗೆ ಸಂಬಂಧಿಲ್ಲ.’

ಬಾಗಿಲವರೆಗೆ ಹೋದವರು ತಿರುಗಿ ಬಂದು, ಪರಾಮರ್ಶನ ಕಪಾಟಿನಿಂದ ಸಂವಿಧಾನದ ಇಂಗ್ಲಿಷ್ ಪ್ರತಿ ತೆಗೆದು, ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಕೋಟಿನೊಳಗೆ ಸೇರಿಸಿದರು. ಪರಾಮರ್ಶನ ಪುಸ್ತಕ ಹೊರಗೆ ಒಯ್ಯಬಾರದು ಎಂಬುದು ಜಗತ್ತಿನ ಎಲ್ಲ ಲೈಬ್ರರಿಗಳ ಮೊದಲ ನಿಯಮ. ಪುಸ್ತಕ ಕೊಡುವ ಕಡೆಯ ಇಬ್ಬರೂ ಬಾಯಿ ತೆರೆದು ನೋಡಿದರು. ಛತ್ರಿ ತೆಗೆದುಕೊಂಡು ನಾನೂ ಹಿಂದೆ ನಡೆದೆ.

ಛತ್ರಿ ಮೊದಲ ತಿರುವಿನಲ್ಲೇ ಬಟ್ಟಲಿನಂತೆ ಮಗುಚಿಕೊಂಡಿತು. ಸೀರೆ ಮೊಣಕಾಲವರೆಗೆ ತೊಯ್ದು ಕಾಲಿಗೆ ಸುತ್ತಿಕೊಳ್ಳುತ್ತಿತ್ತು. ಮನೆ ದೂರವಿರಲಿಲ್ಲ. ಹಿತ್ತಲ ಕಡೆ ಹೋದರೆ ಕೋಣೆಯ ಮುಂದೆ ಹಾಸಿಗೆ, ಟ್ರಂಕು, ಒಂದು ಸ್ಟೋವು, ಗೋಡೆಗೆ ಆನಿಸಿಟ್ಟ ದೊಡ್ಡ ಕನ್ನಡಿ. ಕನ್ನಡಿಯ ಮೇಲೆ ಮಳೆ ಸುರಿಯುತ್ತಿತ್ತು. ಮಾರ್ಕ್, ಆ ಮನೆಯ ಮಗ, ಅಡುಗೆಮನೆಯ ಬಾಗಿಲಲ್ಲಿ ಫೋನು ಹಿಡಿದು ನಿಂತಿದ್ದ. ನಮ್ಮ ಮೂವರನ್ನು ಕಂಡು ಮುಖ ಗಂಟಿಕ್ಕಿದ. ಆಮೇಲೆ ಪೀಟರ್ ಅವರನ್ನು ದಿಟ್ಟಿಸಿ ಫೋನು ಕೆಳಗಿಳಿಸಿದ.

‘ಪೀಟರ್ ಸರ್?’

‘ಹೌದಪ. ತಿಮಿಂಗಿಲದ ಪುಸ್ತಕಾ ಒಯ್ತಿದ್ದಿ ನೀ. ಸಾಲೀ ಪ್ರಾಜೆಕ್ಟಿಗೆ.’

ಪೀಟರ್ ಚೀಲ ಬಿಚ್ಚಿ, ಸೂರಿನ ಕೆಳಗೆ ನಿಂತು ಆ ಸಾಲನ್ನು ಓದಿದರು. ಜೋರು ಮಾಡಲಿಲ್ಲ. ಮಕ್ಕಳಿಗೆ ಕತೆ ಓದಿಹೇಳುವವರು ಹೇಗೆ ಓದುತ್ತಾರೋ ಹಾಗೆ, ಪೂರ್ಣವಿರಾಮಕ್ಕೆ ನಿಂತು ಓದಿದರು. ಮಾರ್ಕ್, ನಾನು ಯಾರನ್ನೂ ಹೊರಗೆ ಹಾಕಿಲ್ಲ, ಮನೆ ನೋಡಲು ಜನ ಬರುವವರಿದ್ದರು, ಕೋಣೆ ಖಾಲಿ ಕಾಣಬೇಕಿತ್ತು ಎಂದು ಏನೇನೋ ಹೇಳಿದ. ಹೇಳುತ್ತ ಹೇಳುತ್ತ ದನಿ ಇಳಿಯಿತು.

ಆಗ ಥಾಂಡೇಕಾ ಮುಂದೆ ಬಂದು ಇಂಗ್ಲಿಷಿನಲ್ಲಿಯೇ, ತಡವರಿಸದೆ ಹೇಳಿದಳು.

‘ನಿಮ್ಮವ್ವಗ ಕಡೀ ಜಳಕಾ ನಾ ಮಾಡ್ಸಿದ್ನಿ. ನೀ ನನಗ ಫೋನಿನ್ಯಾಗ ಹೋಗು ಅಂತೀ?’

ಮಾರ್ಕ್ ತಲೆ ತಗ್ಗಿಸಿದ. ಕಿಸೆಯಿಂದ ಕೀಲಿಕೈ ತೆಗೆದು, ಬಾಗಿಲು ತೆರೆದು, ತಾನೇ ಟ್ರಂಕಿನ ಒಂದು ಬದಿ ಹಿಡಿದ. ಇನ್ನೊಂದು ಬದಿ ಪೀಟರ್ ಹಿಡಿದರು. ನಾನೂ ಥಾಂಡೇಕಾಳೂ ತೊಯ್ದ ಹಾಸಿಗೆಯನ್ನು ಹಿಂಡಿ ಒಳಗೆ ಒಯ್ದೆವು. ಅವಳು ಕನ್ನಡಿಯನ್ನು ತಲೆಯ ಬಟ್ಟೆ ಬಿಚ್ಚಿ ಒರೆಸಿ, ಅದೇ ಮೊಳೆಗೆ ತೂಗುಹಾಕಿದಳು.

ಮತ್ತೆ ಗುರುವಾರ

ಮರುದಿನ ಪುಸ್ತಕ ಹೀಟರಿನ ಪಕ್ಕ ಒಣಗುತ್ತಿದ್ದುದನ್ನು ಕಂಡ ನೋಮ್ಸಾ, ‘ಇದು ಹೆಂಗ ತೊಯ್ತು?’ ಎಂದಳು. ಪೀಟರ್ ತಲೆಯೆತ್ತದೆ, ‘ಯಾವ ಪುಸ್ತಕ?’ ಎಂದರು. ಅವಳಿಗೆ ನಾನು ಆಗಲೇ ಎಲ್ಲ ಹೇಳಿದ್ದೆ. ಹೋಗಿ ಅವರನ್ನು ತಬ್ಬಿಕೊಂಡಳು. ಅವರು ಟೈ ಸರಿಮಾಡಿಕೊಂಡರು. ಥಾಂಡೇಕಾ ಅಂದೇ ಹೋಗಿ ವಕೀಲರನ್ನು ಕಂಡು ಬಂದಳು.

ಗುರುವಾರ ಮಾರ್ಕ್ ಬಂದ. ಜಗಳಕ್ಕೆ ಬಂದಿದ್ದಾನೆಂದುಕೊಂಡೆ. ‘ಆಕಿಗೆ ಇದನ್ನೆಲ್ಲಾ ಹೇಳಿದಾವ್ರು ನೀವ?’ ಎಂದು ನೋಮ್ಸಾಳನ್ನು ನಿಂತೇ ಕೇಳಿದ. ಅವಳು ಹೌದು ಎಂದು, ಥಾಂಡೇಕಾ ಕೂತಿದ್ದ ಕುರ್ಚಿಯನ್ನೇ ಅವನಿಗೂ ಸರಿಸಿದಳು.

‘ಕೂಡ್ರಿ. ನಿಮ್ಮ ಪ್ರಶ್ನೆ ಏನೈತಿ ಹೇಳ್ರಿ.’

ಅವನು ಕೂತ. ಅವನಿಗೂ ಪ್ರಶ್ನೆ ಇತ್ತು. ಮನೆಯಲ್ಲಿ ಅಕ್ಕ-ತಮ್ಮಂದಿರ ಪಾಲಿದೆ, ಮಾರಲೇಬೇಕು, ಥಾಂಡೇಕಾಳಿಗೆ ಏನು ಕೊಡಬೇಕು, ಹೇಗೆ ಮಾತಾಡಬೇಕು, ಗೊತ್ತಿಲ್ಲ. ಅವ್ವನಿದ್ದಿದ್ದರೆ ಅವಳನ್ನೇ ಕೇಳುತ್ತಿದ್ದೆ ಎಂದ. ನೋಮ್ಸಾ ಅದೇ ಪುಸ್ತಕದ ಇಂಗ್ಲಿಷ್ ಪ್ರತಿ ತೆಗೆದು, ಅದೇ ಸಾಲಿನ ಕೆಳಗೆ ಬೆರಳಿಟ್ಟು, ಅಷ್ಟೇ ನಿಧಾನವಾಗಿ ಓದಿದಳು. ಆಮೇಲೆ ಅವನನ್ನೂ ಥಾಂಡೇಕಾಳನ್ನೂ ಕೂರಿಸಿ ಮಾತಾಡಿಸುವ ಮಧ್ಯಸ್ಥರ ವಿಳಾಸ ಕೊಟ್ಟಳು. ನಾನು ಹಿಂದೆ ಸ್ಟೂಲಿನ ಮೇಲೆ ಕೂತು ನೋಮ್ಸಾ, ಮಾರ್ಕ್ ಇಬ್ಬರ ಬೆನ್ನು ನೋಡುತ್ತಿದ್ದೆ. ಪೀಟರ್ ಹೇಳುವುದೂ ನೋಮ್ಸಾ ಹೇಳುವುದೂ ಒಂದೇ ಮೇಜಿನ ಮೇಲೆ ಹೊಂದಿಕೊಂಡ ಹಾಗೆ ನನಗೆ ಅನಿಸಿದ್ದು ಆಗ. ಬಡವರಿಗೂ ಉಳ್ಳವರಿಗೂ ಅದೇ ಪುಸ್ತಕ, ಅದೇ ಸಾಲು. ಆದರೆ ಅದು ತಲುಪುವವರೆಗೆ ಯಾರ ಜೊತೆ ಎಷ್ಟು ದೂರ ನಡೆಯಬೇಕು ಎಂಬುದು ಬೇರೆ ಬೇರೆ.

ನಾನು ಊರಿಗೆ ಬಂದು ಎಷ್ಟೋ ದಿನದ ಮೇಲೆ ನೋಮ್ಸಾ ಫೋನಿನಲ್ಲಿ ದನಿ ಮುದ್ರಿಸಿ ಕಳಿಸಿದ್ದಳು. ಥಾಂಡೇಕಾ ಮತ್ತು ಮಾರ್ಕ್ ಒಪ್ಪಂದಕ್ಕೆ ಬಂದರು. ಬೇರೆ ಜಾಗ ಸಿಗುವವರೆಗೆ ಅವಳು ಅಲ್ಲೇ ಇದ್ದು, ದುಡಿದದ್ದಕ್ಕೆ ತಕ್ಕದ್ದನ್ನು ಪಡೆದು, ತಂಗಿಯ ಮನೆಯ ಹತ್ತಿರ ಒಂದು ಕೋಣೆ ನೋಡಿಕೊಂಡು ಹೋದಳು. ಹೋಗುವ ದಿನವನ್ನು ಅವಳೇ ಹೇಳಿದಳಂತೆ. ‘ಈಗ ಶನಿವಾರಕ್ಕೊಮ್ಮೆ ಬರ್ತಾಳ ಮಾಮಾ ದೇವಿ. ಏನರೆ ಕೇಳ್ತಾಳ. ಪೀಟರ್ ಖೋಸಾ ಕಲಿಯಾ ಹತ್ಯಾನ, ಆಕೀನ ಕಲಸ್ತಾಳ’ ಎಂದು ನಗುತ್ತಿದ್ದಳು.

ಹುನಗುಂದ

ಮರಳಿ ಬಂದ ಮೇಲೆ ನಾನು ಮಾಡಿದ್ದು ಇಷ್ಟೇ. ಮೂಲೆಯಲ್ಲಿದ್ದ ನನ್ನ ಮೇಜನ್ನು ಬಾಗಿಲ ಹತ್ತಿರಕ್ಕೆ ತಂದೆ. ಧೂಳು ಬರುತ್ತದೆ ಎಂದರು ಪ್ರಾಂಶುಪಾಲರು. ಬರಲಿ ಎಂದೆ. ‘ಏನಾದರೂ ತಿಳಿಯಬೇಕಾಗಿದ್ದರೆ ಒಳಗೆ ಬನ್ನಿ’ ಎಂದು ಹೊರಗೆ ಒಂದು ಹಲಗೆ ಹಾಕಿಸಿದೆ. ಅದನ್ನು ಓದಿ ಬಂದವರು ಮತ್ತೆ ಅದೇ ಓದು ಬಲ್ಲವರು. ಹಲಗೆ ಓದಲು ಬಾರದವರನ್ನು ಹಲಗೆಯಿಂದ ಕರೆಯಲು ಹೋದ ನನ್ನ ಬುದ್ಧಿಗೆ ನಾನೇ ನಕ್ಕು, ಸಂಜೆ ಬಾಗಿಲ ಹೊರಗೆ ನಿಂತು ಹೋಗಿಬರುವವರನ್ನು ಮಾತಾಡಿಸತೊಡಗಿದೆ. ‘ಏನ್ರಿ, ಎಲ್ಲಿಗೆ ಹೊಂಟೀರಿ, ಏನ ಕೆಲಸಿತ್ತು?’ ನಮ್ಮ ಕಡೆ ಇದನ್ನು ಯಾರೂ ತಪ್ಪು ತಿಳಿಯುವುದಿಲ್ಲ.

ಶಾವಂತ್ರೆವ್ವ ಸಿಕ್ಕಿದ್ದು ಹಾಗೆ. ಕುಪ್ಪಸದ ಕಣ ನೇಯುವ ಊರು ಗುಳೇದಗುಡ್ಡದವಳು. ಮಗಳು ನಮ್ಮ ಕಾಲೇಜಿನಲ್ಲಿ ಓದುತ್ತಾಳೆ. ಅವಳನ್ನು ನೋಡಲು ಗಂಡ-ಹೆಂಡತಿ ಮೋಟರ್‌ಸೈಕಲ್ಲಿನ ಮೇಲೆ ಬಂದಿದ್ದರು. ಮಾತಿಗೆ ಮಾತು ಬಂದು, ಹೊಸಿಲ ಆಚೆ ಚಪ್ಪಲಿ ಬಿಡುತ್ತ, ‘ನಾ ಸಾಲಿ ಕಲತಿಲ್ರಿ. ಕೇಳಬಹುದೇನ್ರಿ?’ ಎಂದಳು.

‘ಕೇಳ್ರಿ.’

‘ಮನ್ಯಾಗ ಮಗ್ಗ ಹೊಡ್ಯಾಕಿ ನಾ. ಕಣಾ ನೇಯಾಕಿ ನಾ. ಆಫೀಸಿನ್ಯಾಗ ನೇಕಾರ ಅಂತ ಇವರ ಹೆಸರ ಬರಕೊಂಡಾರ. ನಾ ಕೇಳಿದ್ರ, ನೀ ಸಹಾಯ ಮಾಡಾಕಿ ಅಂದ್ರು. ನೇಕಾರ ಅಂತ ನನ್ನ ಹೆಸರ ಎಲ್ಲರೆ ಬರ್ಯಾಕ ಬರ್ತೈತೇನ್ರಿ?’

ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲ, ಹುಡುಕೋಣ, ಮುಂದಿನ ಸಲ ಬಂದಾಗ ಬರ್ರಿ ಎಂದೆ. ನವನಗರದ ಕೈಮಗ್ಗ ಕಚೇರಿಗೆ ಫೋನು ಮಾಡಿದೆ, ಒಬ್ಬರು ಇನ್ನೊಬ್ಬರ ಕಡೆ ತೋರಿಸಿದರು. ಕಡೆಗೆ ನಾನೇ ಹೋಗಿ ಕೂತು ನಿಯಮಗಳ ಕನ್ನಡ ಪ್ರತಿ ತಂದೆ. ಅದರಲ್ಲಿ ಮಗ್ಗದ ಮೇಲೆ ಕೂತು ನೇಯುವವರೇ ನೇಕಾರರು, ಹೆಣ್ಣಿರಲಿ ಗಂಡಿರಲಿ ಎಂಬರ್ಥದ ಸಾಲು ಸ್ಪಷ್ಟವಾಗಿಯೇ ಇತ್ತು.

ಶಾವಂತ್ರೆವ್ವ ಮತ್ತೆ ಬಂದಳು. ಪಕ್ಕ ಕೂರಿಸಿಕೊಂಡು ಓದಿದೆ. ಅವಳು ಮುಂದಕ್ಕೆ ಬಾಗಿ ನನ್ನ ಬೆರಳಿದ್ದ ಜಾಗವನ್ನೇ ನೋಡುತ್ತಿದ್ದಳು. ನೇಕಾರರ ಗುರುತಿನ ಕಾರ್ಡು ಕೈಗೆ ಬರಲು ಇನ್ನೂ ಓಡಾಟವಿದೆ, ಅರ್ಜಿ ಕೊಡಬೇಕು, ಅವರು ಬಂದು ಮಗ್ಗ ನೋಡಬೇಕು ಎಂದು ಹೇಳುತ್ತಿದ್ದೆ. ಅದು ಅವಳ ಕಿವಿಗೆ ಬಿದ್ದಂತೆ ಕಾಣಲಿಲ್ಲ.

‘ಇನ್ನೊಮ್ಮಿ ಓದ್ರಿ ಬಾಯಾರ’ ಎಂದಳು. ನಾನು ಬಾಯಿ ತೆರೆಯುವಷ್ಟರಲ್ಲಿ ಕೈ ಅಡ್ಡ ಹಿಡಿದು, ‘ತಡೀರಿ’ ಎಂದು ಎದ್ದು ಬಾಗಿಲಿಗೆ ಹೋದಳು. ಹೊರಗೆ ಬೇವಿನ ಗಿಡದ ಕೆಳಗೆ ಗಂಡ ಗಾಡಿಯ ಮೇಲೆ ಕೂತಿದ್ದ.

‘ಇಲ್ಲೆ ಒಳಗ ಬರ್ರಿ’ ಎಂದು ಕೂಗಿದಳು. ‘ಅವರು ಓದ್ತಾರ. ನೀವೂ ಕೇಳ್ರಿ.’

ಅವನು ಚಪ್ಪಲಿ ಬಿಟ್ಟು ಒಳಗೆ ಬಂದು ನಿಲ್ಲುವವರೆಗೆ ಕಾದು, ಗಟ್ಟಿಯಾಗಿ ಓದಿದೆ.